ಚೇಸ್ ಸೆಂಟರ್‌ಗೆ ಯಾವ ರಾತ್ರಿ ಹೋಗಬೇಕು? ವಾರಿಯರ್ಸ್ ತವರು ಪಂದ್ಯಗಳ ಪಟ್ಟಿ ಓದುವ ಬಗೆ

ಸ್ಯಾನ್ ಫ್ರಾನ್ಸಿಸ್ಕೊದ ಚೇಸ್ ಸೆಂಟರ್ ಅಂದರೆ ಗೋಲ್ಡನ್ ಸ್ಟೇಟ್ ವಾರಿಯರ್ಸ್ ಬಾಸ್ಕೆಟ್‌ಬಾಲ್ ತಂಡದ ತವರು ಸ್ಟೇಡಿಯಂ. ನಾನು ಮೊದಲ ಸಲ ಅದರೊಳಗೆ ಕಾಲಿಟ್ಟಾಗ ಆಟದ ನಾಲ್ಕು ಕ್ವಾರ್ಟರ್‌ಗಳಲ್ಲಿ ಮೂರನೆಯದು ಶುರುವಾಗಿತ್ತು. ಟ್ರಾಫಿಕ್ ಕಾರಣ ಅಲ್ಲ. ವಾರಿಯರ್ಸ್ ತವರು ಪಂದ್ಯ ಅಂದರೆ ಸಂಜೆ 7ಕ್ಕೇ ಅಂತ ನನ್ನ ತಲೆಯಲ್ಲಿ ಕೂತುಬಿಟ್ಟಿತ್ತು. ಅವತ್ತಿನ ಪಂದ್ಯ ರಾಷ್ಟ್ರೀಯ ಟಿವಿಯಲ್ಲಿತ್ತು. ಹಾಗಾಗಿ 5:30ಕ್ಕೇ ಶುರು. ಟಿಕೆಟ್ ಮೇಲೆ ಅದು ಸರಿಯಾಗೇ ಇತ್ತು. ನಾನು ದಿನ ನೋಡಿದೆ, ಸೀಟಿನ ನಂಬರ್ ನೋಡಿದೆ, ಗಂಟೆ ನೋಡಲಿಲ್ಲ. ಅರ್ಧ ಆಟಕ್ಕೆ ಪೂರ್ತಿ ದುಡ್ಡು ಕೊಟ್ಟ ಹಾಗಾಯಿತು.

ಅವತ್ತಿನಿಂದ ವೇಳಾಪಟ್ಟಿ ಓದುವುದು ನನಗೆ ಒಂದು ಚಟ. ಆಗಸ್ಟ್ ನಡುವಿನ ಹೊತ್ತಿಗೆ ಅಮೆರಿಕದ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎ ಹೊಸ ಸೀಸನ್ನಿನ ಪಟ್ಟಿ ಬಿಡುತ್ತದೆ. ಅವತ್ತು ಸಂಜೆ ಮನೆಯಲ್ಲಿ ಯಾರೂ ನನ್ನನ್ನು ಮಾತಾಡಿಸಲು ಬರುವುದಿಲ್ಲ. ಬಂದರೂ ಪ್ರಯೋಜನ ಇಲ್ಲ ಅಂತ ಅವರಿಗೆ ಗೊತ್ತು. ಪಟ್ಟಿ ನೋಡಿದರೆ ಸುಮ್ನೆ ತಾರೀಖುಗಳ ಸಾಲು. ಆದರೆ ಯಾವ ತಂಡ ವರ್ಷಕ್ಕೆ ಒಂದೇ ಸಲ ಬರುತ್ತದೆ, ಯಾರು ದಣಿದು ಬರುತ್ತಾರೆ, ಯಾವ ಪಂದ್ಯದ ಗಂಟೆ ಬದಲಾಗಬಹುದು, ಎಲ್ಲ ಅದರೊಳಗೇ ಅಡಗಿದೆ. ವರ್ಷಕ್ಕೆ ಒಂದೋ ಎರಡೋ ಪಂದ್ಯ ನೋಡಲು ದುಡ್ಡು ಎತ್ತಿಡುವ ನನ್ನಂಥವರಿಗೆ ಅದನ್ನು ಬಿಡಿಸಿ ನೋಡುವುದು ಮುಖ್ಯ.

ಮೊದಲು: ತವರು ಯಾವುದು, ಹೊರಗಿನದು ಯಾವುದು

ಇದು ಗೊತ್ತಿಲ್ಲದವರು ಯಾರು ಅಂತ ನಗಬೇಡಿ. ಪಟ್ಟಿಯಲ್ಲಿ ಎದುರಾಳಿಯ ಹೆಸರಿನ ಹಿಂದೆ ‘ವರ್ಸಸ್’ ಅಂತ ಇದ್ದರೆ ತವರು ಪಂದ್ಯ. @ ಗುರುತು ಇದ್ದರೆ ಹೊರಗಿನದು. ಟಿಕೆಟ್ ಮಾರುವ ಕಡೆ ಮಾತ್ರ ಬರೆಯುವ ರೀತಿ ಬೇರೆ. ಅಲ್ಲಿ ಎರಡೂ ತಂಡಗಳ ಹೆಸರು ಇರುತ್ತದೆ. ಆ ಹೆಸರುಗಳ ಕ್ರಮ ಎಲ್ಲ ಕಡೆ ಒಂದೇ ಅಲ್ಲ, ಹಾಗಾಗಿ ಪಂದ್ಯ ಯಾವ ಊರಲ್ಲಿ ಅಂತಲೇ ನೋಡಿ. ನನ್ನ ಸ್ನೇಹಿತರೊಬ್ಬರು ಬೆಲೆ ಕಡಿಮೆ ಇದೆ ಅಂತ ಖುಷಿಯಿಂದ ನಾಲ್ಕು ಟಿಕೆಟ್ ತೆಗೆದುಕೊಂಡರು. ಪಂದ್ಯ ಇದ್ದದ್ದು ಸ್ಯಾಕ್ರಮೆಂಟೊದಲ್ಲಿ. ಸುಮಾರು 90 ಮೈಲಿ ದೂರ. ಹೋಗಿ ಬಂದರು ಪಾಪ. ಆಟ ಚೆನ್ನಾಗಿತ್ತು ಅಂದರು.

ಗಂಟೆಯ ವಿಷಯ. ದೇಶಕ್ಕೆಲ್ಲ ಸುದ್ದಿ ಕೊಡುವ ಕ್ರೀಡಾ ತಾಣಗಳು ಹೆಚ್ಚಾಗಿ ಪೂರ್ವ ಕರಾವಳಿಯ ಸಮಯ ತೋರಿಸುತ್ತವೆ. ಅಲ್ಲಿ ರಾತ್ರಿ 10 ಅಂತ ಇದ್ದರೆ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ 7. ಅಲ್ಲಿ 8:30 ಇದ್ದರೆ ಇಲ್ಲಿ 5:30. ಮೂರು ಗಂಟೆ ಕಳೆಯುವುದು ಎರಡನೇ ಕ್ಲಾಸಿನ ಲೆಕ್ಕ. ಆದರೂ ಅವಸರದಲ್ಲಿ ತಪ್ಪುತ್ತದೆ, ನಾನೇ ಸಾಕ್ಷಿ.

ತಂಡದ ಅಧಿಕೃತ ಆ್ಯಪ್‌ನಲ್ಲಿರುವ ವೇಳಾಪಟ್ಟಿಯನ್ನು ಫೋನಿನ ಕ್ಯಾಲೆಂಡರ್‌ಗೆ ಜೋಡಿಸಿಕೊಳ್ಳುವುದು ಒಳ್ಳೆಯದು. ಗಂಟೆ ಬದಲಾದರೆ ಅದೂ ತಾನಾಗೇ ಬದಲಾಗುತ್ತದೆ. ಪಟ್ಟಿಯ ಚಿತ್ರ ಇಳಿಸಿಕೊಂಡು ಫ್ರಿಜ್ ಬಾಗಿಲಿಗೆ ಅಂಟಿಸಿದರೆ ನೋಡಲು ಚೆಂದ. ನಂಬಲು ಅಲ್ಲ.

41ರ ಲೆಕ್ಕ ಒಮ್ಮೆ ಮಾಡಿ ನೋಡಿ

ಎನ್‌ಬಿಎಯಲ್ಲಿ 30 ತಂಡ. ಪ್ರತಿ ತಂಡಕ್ಕೂ ಲೀಗ್ ಹಂತದಲ್ಲಿ 82 ಪಂದ್ಯ. ಅದರಲ್ಲಿ ಅರ್ಧ, ಅಂದರೆ 41, ತವರಿನಲ್ಲಿ. ಈ 41ರಲ್ಲಿ ಯಾರು ಎಷ್ಟು ಸಲ ಬರುತ್ತಾರೆ ಅನ್ನುವುದಕ್ಕೆ ಒಂದು ಕಟ್ಟುನಿಟ್ಟಾದ ಸೂತ್ರ ಇದೆ. ಟಿಕೆಟ್ ಕೊಳ್ಳುವ ಮೊದಲು ನಾನು ನೋಡುವುದೇ ಇದನ್ನು.

ವಾರಿಯರ್ಸ್ ಇರುವುದು ಪಶ್ಚಿಮ ವಿಭಾಗದ ಪೆಸಿಫಿಕ್ ಗುಂಪಿನಲ್ಲಿ. ಜೊತೆಗಿರುವವರು ಲೇಕರ್ಸ್, ಕ್ಲಿಪ್ಪರ್ಸ್, ಸ್ಯಾಕ್ರಮೆಂಟೊ ಕಿಂಗ್ಸ್ ಮತ್ತು ಫೀನಿಕ್ಸ್ ಸನ್ಸ್. ಈ ನಾಲ್ವರ ಜೊತೆ ವರ್ಷಕ್ಕೆ ತಲಾ ನಾಲ್ಕು ಪಂದ್ಯ. ಎರಡು ಅಲ್ಲಿ, ಎರಡು ಇಲ್ಲಿ. ಅಲ್ಲಿಗೆ ಎಂಟು ತವರು ಪಂದ್ಯ ಆಯಿತು. ಪಶ್ಚಿಮದ ಉಳಿದ ಹತ್ತು ತಂಡಗಳಲ್ಲಿ ಆರು ತಂಡಗಳ ಜೊತೆಗೂ ನಾಲ್ಕು ನಾಲ್ಕು ಆಟ. ಅಂದರೆ ಇಲ್ಲಿ ಇನ್ನೂ ಹನ್ನೆರಡು. ಮಿಕ್ಕ ನಾಲ್ಕು ತಂಡಗಳ ಜೊತೆ ಮೂರೇ ಮೂರು. ಅವರಲ್ಲಿ ಇಬ್ಬರು ಇಲ್ಲಿಗೆ ಎರಡು ಸಲ, ಇನ್ನಿಬ್ಬರು ಒಂದೇ ಸಲ ಬರುತ್ತಾರೆ. ಅದು ಆರು. ಪೂರ್ವ ವಿಭಾಗದ 15 ತಂಡಗಳು ತಲಾ ಒಂದು ಸಲ. 8, 12, 6, 15. ಕೂಡಿ ನೋಡಿ, 41.

ಈಗ ಇದರಿಂದ ಏನು ಉಪಯೋಗ? ನಿಮಗೆ ಬಾಸ್ಟನ್ ಸೆಲ್ಟಿಕ್ಸ್, ನ್ಯೂಯಾರ್ಕ್ ನಿಕ್ಸ್, ಮಿಲ್ವಾಕಿ ಬಕ್ಸ್, ಹೀಗೆ ಪೂರ್ವದ ಯಾವುದಾದರೂ ತಂಡ ನೋಡಬೇಕಿದ್ದರೆ ಅವಕಾಶ ಒಂದೇ. ಆ ರಾತ್ರಿ ತಪ್ಪಿದರೆ ಮುಂದಿನ ವರ್ಷವೇ. ಅದಕ್ಕೇ ಆ ಪಂದ್ಯಗಳ ಬೆಲೆ ಏರುತ್ತದೆ. ಲೇಕರ್ಸ್ ಆದರೆ ಎರಡು ಸಲ ಬರುತ್ತಾರೆ. ಒಂದು ಸಲ ಶನಿವಾರ ಬಂದು ಇನ್ನೊಂದು ಸಲ ವಾರದ ನಡುವೆ ಬಂದರೆ, ನಾನಂತೂ ವಾರದ ನಡುವಿನದನ್ನೇ ಆರಿಸುತ್ತೇನೆ. ಅದೇ ತಂಡ, ಅದೇ ಅಂಕಣ, ಕೂಗಾಟವೂ ಅಷ್ಟೇ. ಬೆಲೆ ಮಾತ್ರ ಸಾಮಾನ್ಯವಾಗಿ ಕಡಿಮೆ.

ಮೂರೇ ಪಂದ್ಯ ಇರುವ ಆ ನಾಲ್ಕು ತಂಡಗಳು ವರ್ಷ ವರ್ಷ ಬದಲಾಗುತ್ತವೆ. ಹೋದ ವರ್ಷ ಎರಡು ಸಲ ಬಂದ ತಂಡ ಈ ವರ್ಷ ಒಂದೇ ಸಲ ಬರಬಹುದು. ಹಳೆಯ ನೆನಪಿನ ಮೇಲೆ ‘ಇನ್ನೊಂದು ಸಲ ಬರ್ತಾರಲ್ಲ ಬಿಡಿ’ ಅಂದುಕೊಂಡರೆ ಕೆಟ್ಟಿರಿ.

ಡಿಸೆಂಬರ್‌ನ ಖಾಲಿ ಜಾಗ

ಆಗಸ್ಟ್‌ನ ಪಟ್ಟಿಯನ್ನು ಎಣಿಸಿದರೆ 82 ಸಿಗುವುದಿಲ್ಲ. 80 ಮಾತ್ರ. ಮುದ್ರಣದ ತಪ್ಪಲ್ಲ. 2023ರಿಂದ ಸೀಸನ್ ನಡುವೆಯೇ ಒಂದು ಟೂರ್ನಿ ನಡೆಯುತ್ತಿದೆ. ಈಗ ಅದಕ್ಕೆ ಎನ್‌ಬಿಎ ಕಪ್ ಅಂತ ಹೆಸರು. ಐದೈದು ತಂಡಗಳ ಆರು ಗುಂಪು. ಪ್ರತಿ ತಂಡಕ್ಕೂ ನಾಲ್ಕು ಗುಂಪು ಪಂದ್ಯ, ಎರಡು ಮನೆಯಲ್ಲಿ, ಎರಡು ಹೊರಗೆ. ಈ ನಾಲ್ಕೂ ಲೀಗ್ ಲೆಕ್ಕಕ್ಕೇ ಸೇರುತ್ತವೆ. ಅಂಕಣಕ್ಕೆ ಬೇರೆ ಬಣ್ಣ ಬಳಿದಿರುತ್ತಾರೆ, ಅದರಿಂದಲೇ ಗುರುತು ಹಿಡಿಯಬಹುದು. ಬಣ್ಣದ ಬಗ್ಗೆ ನನ್ನ ಅಭಿಪ್ರಾಯ ಕೇಳಬೇಡಿ, ಕಣ್ಣಿಗೆ ಕುಕ್ಕುತ್ತದೆ.

ಗುಂಪು ಹಂತ ದಾಟಿದ ಎಂಟು ತಂಡಗಳು ಡಿಸೆಂಬರ್‌ನಲ್ಲಿ ಕ್ವಾರ್ಟರ್‌ಫೈನಲ್ ಆಡುತ್ತವೆ. ದಾಟದ 22 ತಂಡಗಳಿಗೆ ಅದೇ ವಾರ ಎರಡು ಹೊಸ ಪಂದ್ಯ ಜೋಡಿಸುತ್ತಾರೆ, ಒಂದು ತವರಿನಲ್ಲಿ, ಒಂದು ಹೊರಗೆ. ಹೇಗೇ ಆದರೂ ಆ ವಾರ ಚೇಸ್ ಸೆಂಟರ್‌ನಲ್ಲಿ ಕೊನೆ ಗಳಿಗೆಯಲ್ಲಿ ಒಂದು ಪಂದ್ಯ ಹುಟ್ಟಿಕೊಳ್ಳುವ ಸಾಧ್ಯತೆ ಇದೆ. ಆಗಸ್ಟ್‌ನಲ್ಲಿ ಯಾರೂ ಅದಕ್ಕೆ ಟಿಕೆಟ್ ಕೊಂಡಿರುವುದಿಲ್ಲ. ರಜೆಯ ಓಡಾಟದ ನಡುವೆ ಹೆಚ್ಚಿನವರ ಗಮನಕ್ಕೂ ಬರುವುದಿಲ್ಲ. ಕಡಿಮೆ ಬೆಲೆಯ ಪಂದ್ಯ ಹುಡುಕುವವರು ಆ ವಾರದ ಮೇಲೆ ಒಂದು ಕಣ್ಣಿಡಿ.

ಪಟ್ಟಿಯಲ್ಲಿ ಇನ್ನೂ ಕೆಲವು ಖಾಲಿ ದಿನಗಳಿವೆ. ಥ್ಯಾಂಕ್ಸ್‌ಗಿವಿಂಗ್ ದಿನ ಪಂದ್ಯ ಇರುವುದಿಲ್ಲ. ಡಿಸೆಂಬರ್ 24ಕ್ಕೂ ಇರುವುದಿಲ್ಲ. 2022 ಮತ್ತು 2024ರ ಚುನಾವಣೆಯ ದಿನ ಇಡೀ ಲೀಗ್ ಬಿಡುವು ತೆಗೆದುಕೊಂಡಿತ್ತು. ಫೆಬ್ರವರಿ ನಡುವೆ ಆಯ್ದ ತಾರೆಗಳ ಪ್ರದರ್ಶನ ಪಂದ್ಯಕ್ಕಾಗಿ ಆಲ್ ಸ್ಟಾರ್ ಬಿಡುವು, ಹೆಚ್ಚುಕಮ್ಮಿ ಒಂದು ವಾರ. ಊರಿಂದ ನೆಂಟರು ಬರುವವರಿದ್ದರೆ, ಅವರಿಗೆ ಪಂದ್ಯ ತೋರಿಸುವ ಆಸೆ ಇದ್ದರೆ, ವಿಮಾನದ ಟಿಕೆಟ್ ಮಾಡಿಸುವ ಮುಂಚೆ ಇದನ್ನು ನೋಡಿ.

ತಂಡ ಮನೆಯಲ್ಲೇ ಇರುವ ದಿನಗಳು ಗೊಂಚಲು ಗೊಂಚಲಾಗಿ ಬರುತ್ತವೆ. ಹತ್ತು ದಿನದಲ್ಲಿ ಐದು ತವರು ಪಂದ್ಯ, ಆಮೇಲೆ ಎರಡು ವಾರ ಸುಳಿವೇ ಇಲ್ಲ. ಚೇಸ್ ಸೆಂಟರ್‌ನಲ್ಲಿ ಸಂಗೀತ ಕಾರ್ಯಕ್ರಮಗಳೂ ನಡೆಯುತ್ತವೆ, ಆಗ ತಂಡ ಊರೂರು ಸುತ್ತುತ್ತಿರುತ್ತದೆ. ಗೊಂಚಲಿನ ಮೊದಲ ಪಂದ್ಯ ನನಗೆ ಅಷ್ಟು ಇಷ್ಟವಿಲ್ಲ. ಉದ್ದ ಪ್ರವಾಸ ಮುಗಿಸಿ ಬಂದ ತಂಡ ಒಂದು ರಾತ್ರಿ ಮಂಕಾಗೇ ಆಡುತ್ತದೆ ಅಂತ ನನ್ನ ನಂಬಿಕೆ. ಇದು ಅಂಕಿ ಅಂಶ ಅಲ್ಲ, ಸ್ಟ್ಯಾಂಡಿನಲ್ಲಿ ಕೂತು ಕೂತು ಬಂದ ಗುಮಾನಿ.

ನಿನ್ನೆ ಎಲ್ಲಿ ಆಡಿದ್ದರು?

ಈ ಪ್ರಶ್ನೆಯನ್ನು ಯಾರೂ ಕೇಳಿಕೊಳ್ಳುವುದಿಲ್ಲ. ಪಟ್ಟಿ ಓದುವುದರಲ್ಲಿ ಇದೇ ಮುಖ್ಯ ಅಂತ ನನಗೆ ಅನ್ನಿಸುತ್ತದೆ.

ಎರಡು ರಾತ್ರಿ ಸತತವಾಗಿ ಆಡುವುದಕ್ಕೆ ಬ್ಯಾಕ್ ಟು ಬ್ಯಾಕ್ ಅನ್ನುತ್ತಾರೆ. ಒಂದು ತಂಡಕ್ಕೆ ಸೀಸನ್ನಿನಲ್ಲಿ ಸುಮಾರು 15 ಸಲ ಈ ಪಾಡು ಬರುತ್ತದೆ. ಪೂರ್ವದ ತಂಡಗಳು ಪಶ್ಚಿಮಕ್ಕೆ ಬಂದಾಗ ಲಾಸ್ ಏಂಜಲೀಸ್, ಸ್ಯಾಕ್ರಮೆಂಟೊ, ಪೋರ್ಟ್‌ಲ್ಯಾಂಡ್ ಅಂತ ಒಂದೇ ಪ್ರವಾಸದಲ್ಲಿ ಮುಗಿಸಿಕೊಂಡು ಹೋಗುತ್ತವೆ. ನಿನ್ನೆ ರಾತ್ರಿ ಅಲ್ಲಿ ಆಡಿ, ನಡುರಾತ್ರಿ ವಿಮಾನ ಹತ್ತಿ, ಇವತ್ತು ಇಲ್ಲಿ. ಅಂಥ ರಾತ್ರಿ ದೊಡ್ಡ ಆಟಗಾರರು ವಿಶ್ರಾಂತಿ ತೆಗೆದುಕೊಳ್ಳುವ ಸಾಧ್ಯತೆ ಜಾಸ್ತಿ.

ನನ್ನ ಭಾವ ಒಮ್ಮೆ ರಜೆಗೆ ಬಂದಿದ್ದರು. ಎದುರಾಳಿ ತಂಡದ ಒಬ್ಬ ಆಟಗಾರ ಅಂದರೆ ಅವರಿಗೆ ಪ್ರಾಣ. ಯಾರು ಅಂತ ಹೆಸರು ಬೇಡ ಬಿಡಿ. ವರ್ಷಕ್ಕೆ ಒಂದೇ ಸಲ ಬರುವ ತಂಡ. ಕೈ ಬಿಚ್ಚಿ ಖರ್ಚು ಮಾಡಿ ಕೆಳಗಿನ ಸಾಲಿನ ಟಿಕೆಟ್ ಕೊಂಡೆ. ಪಂದ್ಯದ ದಿನ ಮಧ್ಯಾಹ್ನ ಊಟಕ್ಕೆ ಕೂತಾಗ ಸುದ್ದಿ ಬಂತು, ಆತ ಇವತ್ತು ಆಡುವುದಿಲ್ಲ. ಆ ತಂಡ ಹಿಂದಿನ ರಾತ್ರಿಯೂ ಆಡಿತ್ತು. ನಾನು ನೋಡಿಯೇ ಇರಲಿಲ್ಲ. ಭಾವ ಏನೂ ಅನ್ನಲಿಲ್ಲ. ‘ಪರವಾಗಿಲ್ಲ ಬಿಡಯ್ಯ, ಸ್ಟೇಡಿಯಂ ಚೆನ್ನಾಗಿದೆ’ ಅಂದರು. ಅದು ಬೈಗುಳಕ್ಕಿಂತ ಜಾಸ್ತಿ ಚುಚ್ಚಿತು.

ಆಮೇಲೆ ನಿಯಮ ಸ್ವಲ್ಪ ಬಿಗಿಯಾಗಿದೆ. 2023–24ರ ಸೀಸನ್ನಿನಿಂದ, ಗಾಯ ಇಲ್ಲದೆ ಇಬ್ಬರು ತಾರೆಗಳನ್ನು ಒಂದೇ ಪಂದ್ಯದಲ್ಲಿ ಒಟ್ಟಿಗೆ ಕೂರಿಸುವಂತಿಲ್ಲ. ರಾಷ್ಟ್ರೀಯ ಟಿವಿಯ ಪಂದ್ಯಕ್ಕೂ ಎನ್‌ಬಿಎ ಕಪ್ ಪಂದ್ಯಕ್ಕೂ ತಾರೆಗಳು ಆಡಲು ಸಿಗಬೇಕು. ಹಿಂದಿನ ಮೂರು ಸೀಸನ್ನುಗಳಲ್ಲಿ ಆಲ್ ಸ್ಟಾರ್ ಆಗಿದ್ದವರು ಅಥವಾ ವರ್ಷದ ಉತ್ತಮ ತಂಡಗಳಿಗೆ ಆಯ್ಕೆ ಆಗಿದ್ದವರು ಇಲ್ಲಿ ತಾರೆಗಳು. ಹಾಗಾಗಿ ಟಿವಿಯ ಪಂದ್ಯ ಅಂದರೆ ನಿಮ್ಮ ದುಡ್ಡಿಗೆ ಒಂದಿಷ್ಟು ಭದ್ರತೆ. ಗಾಯಕ್ಕೆ ಮಾತ್ರ ಯಾವ ನಿಯಮವೂ ಇಲ್ಲ.

ವಾರಿಯರ್ಸ್ ಕಡೆಯೂ ಇದೇ ಲೆಕ್ಕ ಹಾಕಿ. ವಯಸ್ಸಾದ ಆಟಗಾರರಿಗೆ ಬ್ಯಾಕ್ ಟು ಬ್ಯಾಕ್‌ನಲ್ಲಿ ಒಂದು ರಾತ್ರಿ ಬಿಡಲು ಮೊದಲೇ ಅನುಮತಿ ಪಡೆಯುವ ಅವಕಾಶ ಇದೆ. ತಂಡದ ದೊಡ್ಡ ತಾರೆ ಸ್ಟೆಫ್ ಕರ್ರಿ ಹುಟ್ಟಿದ್ದು 1988ರ ಮಾರ್ಚ್‌ನಲ್ಲಿ. ಅವರನ್ನೇ ನೋಡಲು ಹೋಗುವವರು ತಂಡ ಹಿಂದಿನ ರಾತ್ರಿ ಆಡಿರದ ಪಂದ್ಯ ಆರಿಸಿ. ಎರಡು ದಿನ ಬಿಡುವಿನ ನಂತರದ ಪಂದ್ಯ ಆದರೆ ಇನ್ನೂ ಒಳ್ಳೆಯದು.

ಯಾರು ಆಡುತ್ತಾರೆ ಅನ್ನುವುದನ್ನು ಪಂದ್ಯದ ಹಿಂದಿನ ದಿನ ಸಂಜೆ 5ರ ಹೊತ್ತಿಗೆ ತಂಡಗಳು ಲೀಗ್‌ಗೆ ತಿಳಿಸಬೇಕು. ಬ್ಯಾಕ್ ಟು ಬ್ಯಾಕ್‌ನ ಎರಡನೇ ಪಂದ್ಯವಾದರೆ ಅದೇ ದಿನ ಮಧ್ಯಾಹ್ನ 1ರ ಹೊತ್ತಿಗೆ. ಈ ಇಂಜುರಿ ರಿಪೋರ್ಟ್ ಎಲ್ಲರೂ ನೋಡಬಹುದು. ‘ಪ್ರಾಬಬಲ್’ ಅಂದರೆ ಬಹುತೇಕ ಆಡುತ್ತಾರೆ. ‘ಕ್ವೆಶ್ಚನಬಲ್’ ಅಂದರೆ ಹೇಳಲಾಗದು. ‘ಡೌಟ್‌ಫುಲ್’ ಅಂದರೆ ಆಸೆ ಬಿಡಿ. ‘ಔಟ್’ ಗೊತ್ತೇ ಇದೆ.

ಟ್ರೇಡ್ ಎಂಬ ಗಂಡಾಂತರ

ಆಗಸ್ಟ್‌ನಲ್ಲಿ ಕೊಂಡ ಟಿಕೆಟ್‌ಗೆ ಇನ್ನೊಂದು ಅಪಾಯ ಇದೆ. ಫೆಬ್ರವರಿ ಮೊದಲ ವಾರದ ಆಸುಪಾಸಿನವರೆಗೂ ತಂಡಗಳು ಆಟಗಾರರನ್ನು ಅದಲು ಬದಲು ಮಾಡಿಕೊಳ್ಳಬಹುದು. 2025ರ ಫೆಬ್ರವರಿ 23ರಂದು ಡಾಲಸ್ ಮ್ಯಾವರಿಕ್ಸ್ ಇಲ್ಲಿಗೆ ಬರುವುದಿತ್ತು. ಅವರ ತಾರೆ ಲೂಕಾ ಡಾನ್ಚಿಚ್ ನೋಡಬೇಕು ಅಂತ ಎಷ್ಟು ಜನ ಮೊದಲೇ ಟಿಕೆಟ್ ಕೊಂಡಿದ್ದರೋ. ತಿಂಗಳ ಶುರುವಿನಲ್ಲೇ ಲೂಕಾ ಲೇಕರ್ಸ್ ಸೇರಿಬಿಟ್ಟರು. ಡಾಲಸ್ ಬಂತು, ಲೂಕಾ ಬರಲಿಲ್ಲ. ಅದೃಷ್ಟಕ್ಕೆ ಆ ರಾತ್ರಿಯೇ ವಾರಿಯರ್ಸ್‌ನ ಹಳೆಯ ಆಟಗಾರ ಆಂಡ್ರೆ ಇಗ್ವಾಡಾಲಾ ಅವರ 9ನೇ ನಂಬರಿನ ಜೆರ್ಸಿಯನ್ನು ಗೌರವಕ್ಕಾಗಿ ಛಾವಣಿಯತ್ತ ಮೇಲಕ್ಕೇರಿಸಿದರು. ವಾರಿಯರ್ಸ್ ಗೆದ್ದರು ಕೂಡ. ಹೋದವರಿಗೆ ಪೂರ್ತಿ ನಷ್ಟವೇನೂ ಆಗಲಿಲ್ಲ.

ಒಬ್ಬ ಆಟಗಾರನಿಗಾಗಿಯೇ ಹೋಗುವುದಾದರೆ ಮಾರ್ಚ್‌ನ ಪಂದ್ಯವನ್ನು ಫೆಬ್ರವರಿ ನಡುವಿನ ನಂತರ ಕೊಳ್ಳಿ. ಆಗ ತಂಡಗಳು ಹೆಚ್ಚುಕಮ್ಮಿ ನೆಲೆ ನಿಂತಿರುತ್ತವೆ.

ತಂಡ ಬಿಟ್ಟುಹೋದವರು ಮರಳಿ ಬರುವ ರಾತ್ರಿಗಳನ್ನೂ ಗುರುತು ಹಾಕಿಕೊಳ್ಳಿ. ಕ್ಲೇ ಥಾಂಪ್ಸನ್ 2024ರ ಬೇಸಿಗೆಯಲ್ಲಿ ಡಾಲಸ್‌ಗೆ ಹೋದರು. ಅದೇ ನವೆಂಬರ್ 12ಕ್ಕೆ ಎದುರಾಳಿಯಾಗಿ ಚೇಸ್ ಸೆಂಟರ್‌ಗೆ ಬಂದರು. ಅವರು ತಮ್ಮ ದೋಣಿಯಲ್ಲಿ ಓಡಾಡುವಾಗ ಹಾಕುತ್ತಿದ್ದ ಕ್ಯಾಪ್ಟನ್ ಟೋಪಿಯಂಥದ್ದನ್ನೇ ತಂಡ ಜನರಿಗೆಲ್ಲ ಹಂಚಿತು. ಎಲ್ಲಿ ನೋಡಿದರೂ ಬಿಳಿ ಟೋಪಿ. ತವರಿಗೆ ಬಂದ ಮಗಳಿಗೆ ಮಡಿಲು ತುಂಬಿದ ಹಾಗಿತ್ತು. ಇಂಥ ರಾತ್ರಿ ಯಾವುದು ಅಂತ ಆಗಸ್ಟ್‌ನ ಪಟ್ಟಿ ನೋಡಿದ ದಿನವೇ ಗೊತ್ತಾಗುತ್ತದೆ.

ದಾಖಲೆಗಳ ವಿಷಯ ಬೇರೆ. ಕರ್ರಿಯ 4,000ನೇ ತ್ರೀ ಪಾಯಿಂಟರ್, ಅಂದರೆ ದೂರದಿಂದ ಎಸೆದು ಮೂರು ಅಂಕ ಗಳಿಸುವ ಬುಟ್ಟಿ, 2025ರ ಮಾರ್ಚ್ 13ರಂದು ಇಲ್ಲೇ ಬಂತು, ಕಿಂಗ್ಸ್ ವಿರುದ್ಧ. ದಾಖಲೆಗೆ ಎಷ್ಟು ಬಾಕಿ, ಒಂದು ಪಂದ್ಯಕ್ಕೆ ಸರಾಸರಿ ಎಷ್ಟು ಅಂತ ಭಾಗಿಸಿದರೆ ಯಾವ ವಾರ ಅನ್ನುವುದು ಸಿಗುತ್ತದೆ. ಯಾವ ರಾತ್ರಿ ಅನ್ನುವುದು ಜೂಜು.

ಟಿವಿ ಹೇಳಿದ ಗಂಟೆಗೆ ಆಟ

ಟಿವಿಗೆ ಇಲ್ಲದ ಮಾಮೂಲಿ ರಾತ್ರಿಗಳಲ್ಲಿ ಆಟ 7ಕ್ಕೆ. ಟಿವಿ ಕೈ ಹಾಕಿದರೆ ಯಾವಾಗ ಬೇಕಾದರೂ. 2025–26ರಿಂದ ಹೊಸ ಒಪ್ಪಂದ ಬಂದಿದೆ. ಇಎಸ್‌ಪಿಎನ್ ಮತ್ತು ಎಬಿಸಿ ಜೊತೆಗೆ ಎನ್‌ಬಿಸಿ, ಪೀಕಾಕ್, ಅಮೆಜಾನ್ ಪ್ರೈಮ್ ಸೇರಿಕೊಂಡಿವೆ. ಮಂಗಳವಾರ ಎನ್‌ಬಿಸಿ ಪೂರ್ವಕ್ಕೊಂದು, ಪಶ್ಚಿಮಕ್ಕೊಂದು ಪಂದ್ಯ ತೋರಿಸುತ್ತದೆ. ಪಶ್ಚಿಮದ್ದು ಇಲ್ಲಿನ ಸಮಯ 8ಕ್ಕೆ. ಮುಗಿಯುವಾಗ ರಾತ್ರಿ ಹತ್ತೂವರೆ ದಾಟುತ್ತದೆ. ಮರುದಿನ ಸ್ಕೂಲಿಗೆ ಹೋಗುವ ಮಕ್ಕಳಿದ್ದರೆ ಅದು ಬೇಡ. 5:30ರ ಪಂದ್ಯ ಅವರಿಗೆ ಹೇಳಿಮಾಡಿಸಿದ ಹಾಗಿರುತ್ತದೆ, ಎಂಟಕ್ಕೆಲ್ಲ ಮುಗಿಯುತ್ತದೆ. ಶನಿವಾರ, ಭಾನುವಾರ ಇನ್ನೂ ಬೇಗ ಶುರುವಾಗುವುದೂ ಇದೆ.

ಕ್ರಿಸ್‌ಮಸ್ ದಿನ ಇಡೀ ಲೀಗ್‌ನಲ್ಲಿ ಐದೇ ಪಂದ್ಯ. ಅದರಲ್ಲಿ ಜಾಗ ಸಿಗುವುದು ಹೆಸರಿರುವ ತಂಡಗಳಿಗೆ. 2024ರಲ್ಲಿ ಲೇಕರ್ಸ್ ಇಲ್ಲಿಗೆ ಬಂದು 115–113ರಿಂದ ಗೆದ್ದು ಹೋದರು. ಆಟ ಅದ್ಭುತ, ಬೆಲೆ ಮೈಮೇಲೆ ಬರುವಂಥದ್ದು. ಕ್ರಿಸ್‌ಮಸ್ ಪಂದ್ಯವನ್ನು ಸೋಫಾದ ಮೇಲೆ ಕೂತು ನೋಡುವುದೇ ಸರಿ ಅಂತ ನನ್ನ ಮತ.

ಮನೆಯಲ್ಲೇ ನೋಡುವವರಿಗೆ ಒಂದು ಮಾತು. ಎನ್‌ಬಿಎ ಪಂದ್ಯಗಳನ್ನು ಆನ್‌ಲೈನಿನಲ್ಲಿ ತೋರಿಸುವ ಲೀಗ್ ಪಾಸ್ ಚಂದಾ ಕೊಂಡರೂ ಈ ಸುತ್ತಮುತ್ತ ಇರುವವರಿಗೆ ವಾರಿಯರ್ಸ್ ಪಂದ್ಯ ನೇರವಾಗಿ ಕಾಣುವುದಿಲ್ಲ. ಸ್ಥಳೀಯ ಪ್ರಸಾರದ ಹಕ್ಕು ಬೇರೆಯವರದ್ದು. ಕೊಳ್ಳುವ ಮೊದಲು ಇದು ತಿಳಿದಿರಲಿ.

ಟಿಕೆಟ್ ಯಾವಾಗ ಕೊಳ್ಳುವುದು

ಟಿಕೆಟ್ ಎಲ್ಲ ಫೋನಿನಲ್ಲೇ. ಕಾಗದ ಇಲ್ಲ. ಬೆಲೆ ಬೇಡಿಕೆ ನೋಡಿಕೊಂಡು ಏರಿಳಿಯುತ್ತದೆ. ಸೀಸನ್ ಟಿಕೆಟ್ ಇರುವವರು ತಾವು ಹೋಗದ ಪಂದ್ಯದ ಟಿಕೆಟ್ ಮರುಮಾರಾಟಕ್ಕೆ ಇಡುತ್ತಾರೆ. ನಮ್ಮಂಥವರಿಗೆ ಸಿಗುವುದು ಹೆಚ್ಚಾಗಿ ಅದೇ.

ನಾನು ಪಾಲಿಸುವುದು ಇಷ್ಟು. ವರ್ಷಕ್ಕೆ ಒಂದೇ ಸಲ ಬರುವ ದೊಡ್ಡ ತಂಡ, ವಾರಾಂತ್ಯದ ಲೇಕರ್ಸ್, ಹಳೆಯ ಆಟಗಾರ ಮರಳುವ ರಾತ್ರಿ, ಇವಕ್ಕೆ ಬೇಗ ಕೊಳ್ಳುತ್ತೇನೆ. ಕಾದರೆ ಇಳಿಯುವುದಿಲ್ಲ. ವಾರದ ನಡುವಿನ ಸಾಧಾರಣ ಪಂದ್ಯಕ್ಕೆ ಅದೇ ದಿನ ಮಧ್ಯಾಹ್ನದವರೆಗೂ ಕಾಯುತ್ತೇನೆ. ಮಾರದೆ ಉಳಿದ ಟಿಕೆಟ್ ಆಟ ಶುರುವಾದ ಮೇಲೆ ಬರೀ ಫೋನಿನಲ್ಲಿರುವ ಚಿತ್ರ. ಮಾರುವವರಿಗೂ ಅದು ಗೊತ್ತು. ಮಧ್ಯಾಹ್ನ ಇಂಜುರಿ ರಿಪೋರ್ಟ್ ಕೂಡ ಕೈಯಲ್ಲಿರುತ್ತದೆ. ಆದರೆ ನಾಲ್ಕು ಸೀಟು ಒಟ್ಟಿಗೆ ಬೇಕಿದ್ದರೆ ಈ ಆಟ ಆಡಬೇಡಿ. ಒಂದೆರಡು ಸೀಟಿಗೆ ಮಾತ್ರ ಇದು ಸರಿ.

ಕ್ಯಾಲಿಫೋರ್ನಿಯಾದಲ್ಲಿ 2024ರ ಜುಲೈ 1ರಿಂದ ಕಡ್ಡಾಯ ಶುಲ್ಕಗಳನ್ನೆಲ್ಲ ಸೇರಿಸಿಯೇ ಬೆಲೆ ತೋರಿಸಬೇಕು ಅನ್ನುವ ಕಾನೂನು ಇದೆ. 2025ರ ಮೇ ತಿಂಗಳಿಂದ ಇಂಥ ಕಾರ್ಯಕ್ರಮದ ಟಿಕೆಟ್‌ಗಳಿಗೆ ಇಡೀ ದೇಶಕ್ಕೇ ಅದೇ ನಿಯಮ. ಮೊದಲೆಲ್ಲ ಒಂದು ಬೆಲೆ ತೋರಿಸಿ, ಕೊನೆಯ ಪುಟದಲ್ಲಿ ಇನ್ನೊಂದು ಕೇಳುತ್ತಿದ್ದರು. ಈಗ ಎರಡು ಕಡೆಯ ಬೆಲೆ ಪಕ್ಕಪಕ್ಕ ಇಟ್ಟು ಹೋಲಿಸಿದರೆ ಅರ್ಥ ಇದೆ.

ಕೈ ಬಿಗಿ ಇದ್ದರೆ ಅಕ್ಟೋಬರ್‌ನ ಪ್ರೀಸೀಸನ್ ಪಂದ್ಯಕ್ಕೆ ಹೋಗಿ. ಲೆಕ್ಕಕ್ಕಿಲ್ಲದ ಆಟ, ತಾರೆಗಳು ಅರ್ಧ ಹೊತ್ತು ಆಡಿದರೆ ದೊಡ್ಡದು. ಆದರೆ ಅಂಕಣ ಅದೇ. ಇಲ್ಲವಾದರೆ ಸಾಂಟಾ ಕ್ರೂಜ್‌ನಲ್ಲಿ ವಾರಿಯರ್ಸ್‌ನದೇ ಕಿರಿಯ ತಂಡ ಇದೆ. ಪುಟ್ಟ ಸ್ಟೇಡಿಯಂ, ಆಟಗಾರರ ಬೂಟಿನ ಸದ್ದು ಕೇಳುವಷ್ಟು ಹತ್ತಿರ. ಬೇಸಿಗೆಯಲ್ಲಿ ಬಾಸ್ಕೆಟ್‌ಬಾಲ್ ಬೇಕು ಅನ್ನುವವರಿಗೆ 2025ರಿಂದ ವಾಲ್ಕಿರೀಸ್ ಮಹಿಳಾ ತಂಡ ಚೇಸ್ ಸೆಂಟರ್‌ನಲ್ಲೇ ಆಡುತ್ತಿದೆ. ಮೊದಲ ವರ್ಷ ಅವರ ತವರು ಪಂದ್ಯಗಳೆಲ್ಲ ಭರ್ತಿ. ಅದೂ ಸುಲಭಕ್ಕೆ ಸಿಗುವ ಟಿಕೆಟ್ ಅಲ್ಲ.

ಹೋಗುವುದು, ಬರುವುದು

ಚೇಸ್ ಸೆಂಟರ್ ಶುರುವಾದದ್ದು 2019ರಲ್ಲಿ, ಮಿಷನ್ ಬೇ ಬಡಾವಣೆಯಲ್ಲಿ. 18,064 ಸೀಟು. ಅದಕ್ಕೂ ಮುಂಚೆ ದಶಕಗಟ್ಟಲೆ ತಂಡ ಆಡಿದ್ದು ಕೊಲ್ಲಿಯಾಚೆ ಓಕ್ಲೆಂಡ್‌ನ ಒರಾಕಲ್ ಅರೀನಾದಲ್ಲಿ. ಈಗ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಒರಾಕಲ್ ಪಾರ್ಕ್ ಅಂತ ಇದೆ, ಅದು ಬೇಸ್‌ಬಾಲ್ ಮೈದಾನ. ಟ್ಯಾಕ್ಸಿಯವರಿಗೆ ಸರಿಯಾಗಿ ಹೇಳಿ.

ಕಾರು ಬೇಡ. ಪಂದ್ಯದ ದಿನ ಸುತ್ತಮುತ್ತ ಪಾರ್ಕಿಂಗ್ ದರ ಏರುತ್ತದೆ, ಆಮೇಲೆ ಹೊರಗೆ ಬರಲು ಇನ್ನೊಂದು ಪಂದ್ಯದಷ್ಟು ಹೊತ್ತು. ನಗರದ ಸಾರಿಗೆ ಸಂಸ್ಥೆ ಮ್ಯೂನಿಯ ಟಿ ಲೈನ್ ಟ್ರೇನು ಬಾಗಿಲಿಗೇ ಬಿಡುತ್ತದೆ, ನಿಲ್ದಾಣದ ಹೆಸರು ಯುಸಿಎಸ್‌ಎಫ್ ಚೇಸ್ ಸೆಂಟರ್. ನಿಮ್ಮ ಪಂದ್ಯದ ಟಿಕೆಟ್ಟೇ ಆ ದಿನ ಮ್ಯೂನಿಯ ಟಿಕೆಟ್ ಕೂಡ. ಬೇರೆ ದುಡ್ಡು ಕೊಡಬೇಕಿಲ್ಲ. ಇದು ಗೊತ್ತಿಲ್ಲದೆ ಕಾರ್ಡ್ ತಾಗಿಸುವವರು ಎಷ್ಟೋ ಜನ. ಕೊಲ್ಲಿಯ ಸುತ್ತಲಿನ ಊರುಗಳ ರೈಲು ಬಾರ್ಟ್‌ನಲ್ಲಿ ಬರುವವರು ಪೊವೆಲ್‌ನಲ್ಲಿ ಇಳಿದು, ನೆಲದಡಿಯಲ್ಲೇ ಯೂನಿಯನ್ ಸ್ಕ್ವೇರ್ ನಿಲ್ದಾಣಕ್ಕೆ ನಡೆದು ಟಿ ಹತ್ತಿ. ದಕ್ಷಿಣದಿಂದ ಕ್ಯಾಲ್‌ಟ್ರೇನ್‌ನಲ್ಲಿ ಬರುವವರು ಕೊನೆಯ ನಿಲ್ದಾಣದಲ್ಲಿ ಇಳಿದರೆ ಅಲ್ಲಿಂದ ಸುಮಾರು ಒಂದು ಮೈಲಿ. ನಾನು ನಡೆದೇ ಹೋಗುತ್ತೇನೆ. ಬಾರ್ಟ್ ಮತ್ತು ಕ್ಯಾಲ್‌ಟ್ರೇನ್‌ಗೆ ಪಂದ್ಯದ ಟಿಕೆಟ್ ನಡೆಯುವುದಿಲ್ಲ.

ಮಾರ್ಚ್ ಕೊನೆಯಿಂದ ಇನ್ನೊಂದು ಪಟ್ಟಿಯನ್ನೂ ನೋಡಬೇಕು, ಜೈಂಟ್ಸ್ ಬೇಸ್‌ಬಾಲ್ ತಂಡದ್ದು. ಒರಾಕಲ್ ಪಾರ್ಕ್ ಇಲ್ಲಿಗೆ ತೀರಾ ಹತ್ತಿರ. ಎರಡೂ ಕಡೆ ಒಂದೇ ಸಂಜೆ ಆಟ ಇದ್ದರೆ ಜಾತ್ರೆಯೇ. ಅಂಥ ದಿನ ಒಂದು ಗಂಟೆ ಮುಂಚೆಯೇ ಹೊರಡಿ.

ಬೇಗ ಹೋದದ್ದಕ್ಕೆ ಲಾಭವೂ ಇದೆ. ಬಾಗಿಲು ತೆರೆದ ಕೂಡಲೇ ಒಳಗೆ ಹೋದರೆ ಕರ್ರಿ ಅಭ್ಯಾಸ ಮಾಡುವುದನ್ನು ನೋಡಬಹುದು. ಎರಡು ಕೈಯಲ್ಲಿ ಎರಡು ಚೆಂಡು ಪುಟಿಸುವುದು, ಅಂಕಣದ ನಡುವಿನಿಂದ ಎಸೆಯುವುದು. ಮೇಲಿನ ಸಾಲಿನ ಟಿಕೆಟ್ ಕೊಂಡ ನನಗೆ ಅದೇ ಅರ್ಧ ದುಡ್ಡು ವಸೂಲಿ. ದೊಡ್ಡ ಬ್ಯಾಗು ಒಳಗೆ ಬಿಡುವುದಿಲ್ಲ. ಅಳತೆ ಎಷ್ಟು ಅಂತ ಆ ವಾರವೇ ನೋಡಿಕೊಳ್ಳಿ. ನಾಲ್ಕು ಕ್ವಾರ್ಟರ್, ತಲಾ 12 ನಿಮಿಷ, ನಡುವೆ 15 ನಿಮಿಷ ಬಿಡುವು. ಲೆಕ್ಕದಲ್ಲಿ ಒಂದು ಗಂಟೆ ಚಿಲ್ಲರೆ. ನಿಜದಲ್ಲಿ ಎರಡೂಕಾಲು, ಎರಡೂವರೆ ಗಂಟೆ. ಸಮ ಆದರೆ ಐದೈದು ನಿಮಿಷದ ಓವರ್‌ಟೈಮ್. ಕೊನೆಯ ಟ್ರೇನಿನ ಸಮಯ ಇದನ್ನು ಸೇರಿಸಿ ನೋಡಿ.

ಏಪ್ರಿಲ್ ಆದ ಮೇಲೆ

ಲೀಗ್ ಹಂತ ಏಪ್ರಿಲ್ ನಡುವೆ ಮುಗಿಯುತ್ತದೆ. ಆಮೇಲಿನ ತವರು ಪಂದ್ಯಗಳಿಗೆ ಆಗಸ್ಟ್‌ನ ಪಟ್ಟಿಯಲ್ಲಿ ಜಾಗವೇ ಇಲ್ಲ. ಪಶ್ಚಿಮದಲ್ಲಿ 7ರಿಂದ 10ನೇ ಸ್ಥಾನ ಬಂದವರು ಪ್ಲೇಆಫ್‌ಗೆ ಅರ್ಹತೆ ಪಡೆಯಲು ಪ್ಲೇ ಇನ್ ಪಂದ್ಯ ಆಡಬೇಕು. 7ನೆಯವರ ಮನೆಗೆ 8ನೆಯವರು, 9ನೆಯವರ ಮನೆಗೆ 10ನೆಯವರು. 2025ರಲ್ಲಿ ವಾರಿಯರ್ಸ್ 7ನೇ ಸ್ಥಾನದಲ್ಲಿದ್ದರು. ಮೆಂಫಿಸ್ ಇಲ್ಲಿಗೆ ಬಂದು 121–116ರಿಂದ ಸೋತಿತು. ಇಂಥ ಪಂದ್ಯ ನಡೆಯುತ್ತದೆ ಅಂತ ಖಚಿತವಾಗುವುದು ಎರಡು ದಿನ ಮುಂಚೆ. ಪಟಕ್ಕನೆ ತೀರ್ಮಾನ ಮಾಡಬೇಕು.

ಪ್ಲೇಆಫ್‌ನಲ್ಲಿ ಏಳು ಪಂದ್ಯಗಳ ಸರಣಿ, ನಾಲ್ಕು ಗೆದ್ದವರು ಮುಂದಕ್ಕೆ. ಮೇಲಿನ ಸ್ಥಾನದವರ ಮನೆಯಲ್ಲಿ 1, 2, 5, 7. ಕೆಳಗಿನವರ ಮನೆಯಲ್ಲಿ 3, 4, 6. ಇದನ್ನು ನೆನಪಿಟ್ಟುಕೊಂಡರೆ ಯಾವ ಟಿಕೆಟ್ ಖಂಡಿತ, ಯಾವುದು ‘ಬೇಕಾದರೆ ಮಾತ್ರ’ ಅಂತ ತಿಳಿಯುತ್ತದೆ. 3 ಮತ್ತು 4 ನಡೆದೇ ನಡೆಯುತ್ತವೆ. 6 ನಡೆಯದೇ ಹೋಗಬಹುದು. ನಡೆಯದಿದ್ದರೆ ಸಾಮಾನ್ಯವಾಗಿ ದುಡ್ಡು ವಾಪಸ್ ಬರುತ್ತದೆ. ಎಲ್ಲಿ ಕೊಂಡಿರೋ ಅಲ್ಲಿನ ನಿಯಮ ಓದಿಕೊಳ್ಳಿ.

2025ರ ಮೊದಲ ಸುತ್ತಿನಲ್ಲಿ ಹ್ಯೂಸ್ಟನ್ ವಿರುದ್ಧ ನಾನು ಆರನೆಯದರ ಟಿಕೆಟ್ ಕೊಂಡಿದ್ದೆ. ವಾರಿಯರ್ಸ್ 3–1ರಿಂದ ಮುಂದಿದ್ದರು. ಐದನೆಯದು ಗೆದ್ದರೆ ಸರಣಿ ಮುಗಿದು ನನ್ನ ದುಡ್ಡು ವಾಪಸ್. ಸೋತರೆ ಪಂದ್ಯ ನೋಡುವ ಭಾಗ್ಯ. ಏನು ಬೇಡಿಕೊಳ್ಳಬೇಕು ಅಂತಲೇ ತಿಳಿಯದೆ ಕೂತಿದ್ದೆ. ಸೋತರು. ಆರನೆಯದಕ್ಕೆ ಹೋದೆ, ಅಲ್ಲೂ ಸೋತರು. ಏಳನೆಯದು ಹ್ಯೂಸ್ಟನ್‌ನಲ್ಲಿ ಗೆದ್ದರು. ಅದನ್ನು ಮನೆಯಲ್ಲಿ ಟಿವಿ ಮುಂದೆ ಕೂತು ನೋಡಿದೆ.